ನಮ್ಮ ಅತ್ತೆಯ ಗುಂಗಾಣಿ

ಮದುವೆಯಾಗಿ ಹುಮನಾಬಾದಿಗೆ ಬಂದ ಮೊದಲ ವರ್ಷವೇ ನಾನೊಂದು ವಾದ್ಯ ಹುಟ್ಟಿಸಿದೆ. ನನಗೆ ಹಾಡು ಬರುತ್ತಿರಲಿಲ್ಲ, ಬಡಗಿ ಕೆಲಸವಂತೂ ದೂರದ ಮಾತು. ಬಾಯಿಂದಲೇ ಹುಟ್ಟಿಸಿದೆ. ನಮ್ಮ ಜಿಲ್ಲೆ ಮೈಸೂರು ರಾಜ್ಯಕ್ಕೆ ಸೇರಿ ಆಗ ಕೆಲವೇ ವರ್ಷಗಳಾಗಿದ್ದವು. ಊರಿನ ಹಿರಿಯರು ಕಚೇರಿಯ ಮಾತನ್ನೆಲ್ಲ ಇನ್ನೂ ಉರ್ದುವಿನಲ್ಲೇ ಆಡುತ್ತಿದ್ದರು.

ಒಂದು ಗುರುವಾರ ಅತ್ತೆ, ನಾದಿನಿ, ನಾನು ಮೂವರೂ ಮಾಣಿಕನಗರಕ್ಕೆ ದರ್ಶನಕ್ಕೆ ಹೋಗಿ ನಡೆದುಕೊಂಡು ವಾಪಸ್ಸು ಬರುತ್ತಿದ್ದೆವು. ಎದುರಿಗೆ ಒಬ್ಬ ಮನುಷ್ಯ ಕೆಂಪು ಬಟ್ಟೆಯ ಗವಸು ಹಾಕಿದ್ದ ಏನನ್ನೋ ಹೆಗಲ ಮೇಲೆ ಹೊತ್ತುಕೊಂಡು ಮಠದ ಕಡೆಗೆ ಹೊರಟಿದ್ದ. ಕೆಳಗೆ ದುಂಡಗೆ ಹೊಟ್ಟೆ, ಮೇಲೆ ಉದ್ದನೆಯ ಕುತ್ತಿಗೆ. ಒಳಗೆ ಏನಿತ್ತೋ ನನಗೆ ಇವತ್ತಿಗೂ ಗೊತ್ತಿಲ್ಲ. ನಾದಿನಿಗೆ ಆಗ ಹತ್ತು ವರ್ಷವಿದ್ದೀತು. ಕಂಡದ್ದನ್ನೆಲ್ಲ ಕೇಳುವ ವಯಸ್ಸು.

"ವೈನಿ, ಅದೇನು?"

ಗೊತ್ತಿಲ್ಲ ಎಂದು ಹೇಳಲು ಹೊಸ ಸೊಸೆಯಾದ ನನಗೆ ಯಾಕೋ ಮನಸ್ಸಾಗಲಿಲ್ಲ. "ಗುಂಗಾಣಿ" ಅಂದೆ.

"ಗುಂಗಾಣಿ ಅಂದ್ರ?"

"ಅದು ಮಾಯದ ವಾದ್ಯ. ಮನಿಗೆ ಹೋದ ಮ್ಯಾಗ ಹೇಳ್ತೀನಿ, ನಡಿ."

ಅತ್ತೆ ಮುಂದೆ ಮುಂದೆ ಹೋಗುತ್ತಿದ್ದರು. ತಿರುಗಿ ನೋಡಲಿಲ್ಲ. ಕೇಳಿಸಿರಲಿಕ್ಕಿಲ್ಲ ಎಂದುಕೊಂಡೆ.

ನಮ್ಮ ಮಾವನವರದು ದಾಳಿಂಬೆಯಂತೆ ತುಂಬಿದ ಮನೆಯೇನಲ್ಲ. ಅವರು, ಅತ್ತೆ, ನನ್ನ ಗಂಡ, ನಾದಿನಿ, ನಾನು, ಇಷ್ಟೇ. ಕಾಳಿನ ಪೇಟೆಯಲ್ಲಿ ಮಾವನವರ ಅಡತಿ ಅಂಗಡಿಯಿತ್ತು. ಗಂಡಸರು ಮಧ್ಯಾಹ್ನ ಉಂಡು ಅಂಗಡಿಗೆ ಹೋದರೆಂದರೆ ಪಡಸಾಲೆಯಲ್ಲಿ ತೊಗರಿಯನ್ನೋ ಹೆಸರನ್ನೋ ರಾಶಿ ಹಾಕಿಕೊಂಡು ನಾನು, ನಾದಿನಿ ಹಸನು ಮಾಡುತ್ತ ಕೂರುತ್ತಿದ್ದೆವು. ಅತ್ತೆ ಗೋಡೆಯ ಕಡೆ ಮುಖ ಮಾಡಿ, ಸೆರಗನ್ನು ಕಣ್ಣ ಮೇಲೆಳೆದುಕೊಂಡು ಮಲಗುತ್ತಿದ್ದರು. ನಾದಿನಿಗೆ ಹರಳು ಆರಿಸುವುದೆಂದರೆ ಬೇಸರ. ಅವಳನ್ನು ಮೊರದ ಮುಂದೆ ಹಿಡಿದು ಕೂರಿಸಲು ನನಗೊಂದು ಕತೆ ಬೇಕಿತ್ತು, ಗುಂಗಾಣಿ ಒದಗಿ ಬಂತು.

ನಮ್ಮ ಹಿತ್ತಲಿನ ಬಾವಿಯ ತಳದಲ್ಲಿ ಇನ್ನೊಂದು ಆಕಾಶವಿದೆ, ಅದರ ಕೆಳಗೆ ಒಂದು ರಾಜ್ಯ ಎಂದು ಶುರು ಮಾಡಿದೆ. ಅಲ್ಲಿಯವರು ಮೋಡಗಳನ್ನು ಕಟ್ಟಿಹಾಕಿ ಎಮ್ಮೆಗಳ ಹಾಗೆ ಹಿಂಡುತ್ತಾರೆ. ಕತ್ತೆಗಳು ಕೋರ್ಟಿನಲ್ಲಿ ಕುಳಿತು ನ್ಯಾಯ ಹೇಳುತ್ತವೆ. ಆ ರಾಜ್ಯಕ್ಕೆ ಒಂಟಿ ಜಡೆಯ ಒಬ್ಬ ಹುಡುಗಿ ಗುಂಗಾಣಿ ಹೊತ್ತುಕೊಂಡು ಬರುತ್ತಾಳೆ. ಗುಂಗಾಣಿಯ ಹೊಟ್ಟೆ ಸೋರೆಬುರುಡೆಯದು, ಕುತ್ತಿಗೆ ಬೇವಿನ ಕಟ್ಟಿಗೆಯದು, ಮೇಲೆ ಏಳು ತಂತಿ. ಒಂದು ಕುದುರೆಬಾಲದ ಕೂದಲು, ಒಂದು ಜೇಡನ ನೂಲು, ಒಂದು ಮಿಂಚಿನ ಎಳೆ. ಉಳಿದ ನಾಲ್ಕು ಯಾವುವು ಎಂದು ನಾದಿನಿ ಕೇಳಿದಾಗ, "ಆ ಮೊರದಾಗಿಂದು ಮುಗಿಸು, ನಾಳಿ ಹೇಳ್ತೀನಿ" ಅಂದೆ. ಅದನ್ನು ಬಾರಿಸಿದರೆ ಆಗುವುದೇನೆಂದರೆ, ಯಾರು ಏನೇನು ಬಚ್ಚಿಟ್ಟಿದ್ದಾರೋ ಅದಕ್ಕೆಲ್ಲ ಕಾಲು ಮೂಡಿ ತಾನಾಗಿ ಹೊರಗೆ ನಡೆದು ಬರುತ್ತದೆ.

ಈ ಮಾಯೆ ನನಗೆ ಸುಮ್ಮನೆ ಹೊಳೆದದ್ದಲ್ಲ. ನಮ್ಮ ಅಡುಗೆಮನೆಯ ಗೋಡೆಯಲ್ಲಿ ಒಂದು ಕಪಾಟಿತ್ತು. ಬೆಲ್ಲ, ಕೊಬ್ಬರಿ, ಸಕ್ಕರೆ, ಚಹಾಪುಡಿ, ತುಪ್ಪ ಎಲ್ಲ ಅದರೊಳಗೆ. ಅದರ ಕೀಲಿ ಅತ್ತೆಯ ಸೊಂಟದಲ್ಲಿ. ಅತ್ತೆ ಜುಗ್ಗಿಯಲ್ಲ, ಬಡಿಸುವಾಗ ಕೈ ಬಿಚ್ಚಿಯೇ ಬಡಿಸುತ್ತಿದ್ದರು. ಆದರೆ ಕೀಲಿಯಿಲ್ಲದ ಮನೆಗೆ ಹಿರಿಯರಿಲ್ಲ ಎಂಬುದು ಅವರ ಖಚಿತ ಅಭಿಪ್ರಾಯ. ಕಲ್ಯಾಣದ ನನ್ನ ತವರಿನಲ್ಲಿ ಬೆಲ್ಲದ ಡಬ್ಬಿಗೆ ಮುಚ್ಚಳ ಸಹ ಇರುತ್ತಿರಲಿಲ್ಲ. ಇರುವೆಗಳಿಗೂ ನನಗೂ ಅದರಲ್ಲಿ ಸಮಪಾಲು. ಹೀಗಾಗಿ ಬಾವಿಯ ತಳದ ರಾಜ್ಯಕ್ಕೆ ನಾನು ಒಬ್ಬ ದೊಡ್ಡ ರಾಣಿಯನ್ನು ಕೂರಿಸಿದೆ. ಅವಳು ಮೊಸರಿಗೂ ಕೀಲಿ ಹಾಕುವವಳು. ಬೇವಿನ ಗಿಡದ ನೆರಳಿಗೂ ಕೀಲಿ ಹಾಕಿರುತ್ತಿದ್ದಳು, ಬೀಗರು ಬಂದರೆ ಕೀಲಿ ಸಿಗುವವರೆಗೆ ಬಿಸಿಲಲ್ಲೇ ನಿಲ್ಲಬೇಕು.

ಹುಡುಗಿ ಮೊದಲ ತಂತಿ ಮೀಟಿದಳು. ಬೆಲ್ಲದ ಹೆಂಟೆಗಳು ಕೈ ಕೈ ಹಿಡಿದು ಸಾಲಾಗಿ ಹೊರಟವು, ಹಿಂದೆ ಕೊಬ್ಬರಿ ಬಟ್ಟಲುಗಳು ಉರುಳುತ್ತ, ಅವುಗಳ ಹಿಂದೆ ತುಪ್ಪದ ಗಡಿಗೆ ತುಂಬಿದ ಬಸುರಿಯ ಹಾಗೆ ಸೊಂಟ ಹಿಡಿದುಕೊಂಡು. ನಾದಿನಿ ನಕ್ಕು ನಕ್ಕು ತೊಗರಿ ಚೆಲ್ಲಿದಳು. ಆಗ ಗೋಡೆಯ ಕಡೆಯಿಂದ ಧ್ವನಿ ಬಂತು.

"ಆ ರಾಣಿ ಕೀಲಿ ಎಲ್ಲಿ ಇಟ್ಕೋತಿದ್ಳು?"

ನನ್ನ ಕೈ ಮೊರದಲ್ಲೇ ನಿಂತಿತು. "ಸೊಂಟದಾಗ್ರಿ, ಅತ್ತಿ."

"ಬೆಲ್ಲಕ್ಕ ಕಾಲು ಬರಲಿ. ಬಾಗಿಲಾ ಹ್ಯಾಂಗ ತಗೀತದ? ಕೀಲಿ ಹೊರಗ ಅದಲ್ಲ."

ಅದನ್ನು ನಾನು ಯೋಚಿಸಿರಲಿಲ್ಲ. "ಸಂದಿಯಿಂದ ಬರ್ತದ್ರಿ."

"ಒಳ್ಳೇ ಕಪಾಟಕ್ಕ ಸಂದಿ ಇರೂದಿಲ್ಲ." ಆಮೇಲೆ ಮಲಗಿದ್ದಲ್ಲಿಂದಲೇ "ಹೇಳು ಮುಂದ" ಅಂದರು.

ಬೈದಿದ್ದರೆ ಕತೆ ಅಂದೇ ಮುಗಿಯುತ್ತಿತ್ತು. ಬೈಯದೆ ಬಿಟ್ಟದ್ದರಿಂದ ನನಗೆ ಧೈರ್ಯ ಬಂತು. ಆ ಮನೆಯಲ್ಲಿ ಮಧ್ಯಾಹ್ನದ ಚಹಾ ಎಂದರೆ ಕಿಟಲಿಯಲ್ಲಿ ಅಂಗಡಿಗೆ ಹೋಗುವ ಗಂಡಸರ ಚಹಾ. ಹೆಂಗಸರಿಗೆ ಬೆಳಿಗ್ಗೆ ಒಂದೇ ಸಲ. ನನಗೋ ತವರಿನಿಂದ ಬಂದ ಚಟ, ಆ ಹೊತ್ತಿಗೆ ತಲೆ ಹಿಡಿದುಕೊಳ್ಳುತ್ತಿತ್ತು. ಒಂದು ದಿನ ಕತೆಯ ನಡುವೆ ಗುಂಗಾಣಿ ಇದ್ದಕ್ಕಿದ್ದಂತೆ ಮೂಕವಾಯಿತು.

"ಯಾಕ ವೈನಿ? ಯಾಕ ನಿಂತಿತು?"

"ಬಾರಿಸೂ ಹುಡುಗಿಗೆ ಈ ಹೊತ್ತಿಗೆ ಚಹಾ ಬೇಕು. ಇಲ್ಲಂದ್ರ ಆಕಿ ಕೈಬಟ್ಟು ಏಳೂದಿಲ್ಲ." ಇಷ್ಟು ಹೇಳಿ ತಲೆ ಬಗ್ಗಿಸಿ ಹರಳು ಆರಿಸತೊಡಗಿದೆ.

ನಾದಿನಿ ಗೋಡೆಯ ಹತ್ತಿರ ಹೋಗಿ ತಾಯಿಯ ಭುಜ ಅಲುಗಿಸಿದಳು. "ಅವ್ವಾ, ಗುಂಗಾಣಿ ಬಂದ್ ಬಿದ್ದದ."

ಅತ್ತೆ ಎದ್ದರು. ಕೀಲಿಗೊಂಚಲು ಝಣ್ ಎಂದಿತು. ಮೂವರಿಗೂ ಚಹಾ ಮಾಡಿದರು, ಅದೂ ಶುಂಠಿ ಹಾಕಿ. ಕುಡಿದು ಬಟ್ಟಲು ಕೆಳಗಿಟ್ಟವರು ಮತ್ತೆ ಮಲಗಲಿಲ್ಲ. ಕಾಲು ಚಾಚಿ ಕೂತು, "ನೀ ಹೇಳೂದು ಬರೋಬರಿ ಇಲ್ಲ" ಅಂದರು. "ಚಿಟಗುಪ್ಪದಾಗ ನಮ್ಮ ಅಜ್ಜಿ ಈ ಕತಿ ಹೇಳತಿದ್ಳು. ಗುಂಗಾಣಿ ಬಾರಿಸಾಕಿ ಚಹಾ ಕುಡಿಯೂದು ಖರೇ ಅದ. ಆದ್ರ ಕುಡದ ಮ್ಯಾಗ ಮನ್ಯಾಗಿನ ಹಂಡೆ ಎಲ್ಲಾ ಆಕೀನ ತಿಕ್ಕಬೇಕು. ಇಲ್ಲಂದ್ರ ತಂತಿ ಹರೀತಾವ."

ಚಿಟಗುಪ್ಪ ಅತ್ತೆಯ ತವರು. ನಾನು ಹೋದ ತಿಂಗಳು ಮಾಣಿಕನಗರದ ದಾರಿಯಲ್ಲಿ ಹುಟ್ಟಿಸಿದ ವಾದ್ಯದ ಕತೆಯನ್ನು ಅವರಜ್ಜಿ ಹೇಗೆ ಹೇಳಿಯಾಳು? ನಾದಿನಿ ನನ್ನ ಮುಖ ನೋಡಿದಳು. "ಹೌದೇನು ವೈನಿ?"

ಇಲ್ಲ ಎನ್ನಬೇಕಾದರೆ ಕತೆಯೆಲ್ಲ ನನ್ನ ತಲೆಯೊಳಗಿನದು ಎಂದು ಒಪ್ಪಿಕೊಳ್ಳಬೇಕು. ಆಮೇಲೆ ಅದರ ಮಾಯೆಯನ್ನು ಯಾರು ನಂಬುತ್ತಾರೆ, ಚಹಾ ಎಲ್ಲಿಂದ ಬರುತ್ತದೆ? "ಹೌದು" ಅಂದೆ. "ಅದು ನನಗ ಮರ್ತಿತ್ತು." ಆ ಸಂಜೆ ಹುಣಸೆಹಣ್ಣು, ಬೂದಿ ತೆಗೆದುಕೊಂಡು ಬಚ್ಚಲಿನ ತಾಮ್ರದ ಹಂಡೆಗಳನ್ನು ಹೊಳೆಯುವಂತೆ ತಿಕ್ಕಿದೆ. ಅತ್ತೆ ಹೊಸ್ತಿಲಲ್ಲಿ ನಿಂತು ನೋಡಿ ಬಹಳ ಸಮಾಧಾನದಿಂದ ಒಳಗೆ ಹೋದರು.

ಅಲ್ಲಿಂದ ಮುಂದೆ ಕತೆಗೆ ಇಬ್ಬರು ಒಡೆಯರಾದೆವು. ನಾನು ಹುಡುಗಿಯನ್ನು ಕಿಟಕಿಯಿಂದ ಅರಮನೆಯೊಳಗೆ ನುಗ್ಗಿಸಿದರೆ ಚಿಟಗುಪ್ಪದ ಅಜ್ಜಿ ಆ ಕಿಟಕಿಗೆ ಸರಳು ಹಾಕಿಸುತ್ತಿದ್ದಳು. ನಾನು ಹುಡುಗಿಯನ್ನು ನ್ಯಾಯ ಕೇಳಲು ಕತ್ತೆಯ ಕೋರ್ಟಿಗೆ ಕಳಿಸಿದರೆ ಆ ಕತ್ತೆ ರಾಣಿಯ ಸೋದರಮಾವನಾಗಿ ಬಿಡುತ್ತಿತ್ತು. ದೊಡ್ಡ ರಾಣಿ ಯಾರೆಂಬುದು ಅತ್ತೆಗೆ ಗೊತ್ತಿತ್ತು. ಅವರಿಗೆ ಗೊತ್ತಿದೆಯೆಂದು ನನಗೂ ಗೊತ್ತಿತ್ತು. ಬಾಯಿ ಬಿಟ್ಟು ಮಾತ್ರ ಇಬ್ಬರೂ ಹೇಳಲಿಲ್ಲ.

ಒಮ್ಮೆ ಯಾರದೋ ಮದುವೆಗೆಂದು ಅತ್ತೆಯ ಅಕ್ಕ ಚಿಟಗುಪ್ಪದಿಂದ ಬಂದರು. ನನ್ನ ಕಾಲ ಬಂತೆಂದು ಖುಷಿಪಟ್ಟೆ. ಅತ್ತೆ ಸ್ನಾನಕ್ಕೆ ಹೋಗುವುದನ್ನೇ ಕಾದು, ಎಲೆ ಅಡಿಕೆಯ ತಟ್ಟೆ ಮುಂದಿಟ್ಟು ಕೇಳಿದೆ. "ದೊಡ್ಡತ್ತಿ, ನಿಮ್ಮ ಅಜ್ಜಿ ಗುಂಗಾಣಿ ಅನ್ನೂ ತಂತಿ ವಾದ್ಯದ ಕತಿ ಭಾಳ ಛಂದ ಹೇಳತಿದ್ರಂತಲ್ರಿ?"

ಅವರು ನನ್ನನ್ನು ನೋಡಿದರು. ಬಚ್ಚಲಲ್ಲಿ ನೀರು ಸುರಿಯುವ ಸದ್ದು ಬರುತ್ತಿದ್ದ ಕಡೆ ನೋಡಿದರು. ಎಲೆಗೆ ಸುಣ್ಣ ಹಚ್ಚಿ, ಮಡಿಚಿ, ಬಾಯಿಗಿಟ್ಟುಕೊಂಡು ನಿಧಾನವಾಗಿ ಅಗಿದರು.

"ನನ್ನ ತಂಗಿ ಎಷ್ಟು ತಂತಿ ಅಂತ ಹೇಳ್ಯಾಳ?"

"ಏಳು ಅಂತರಿ."

"ಆಕಿ ಆಗ ಸಣ್ಣಾಕಿ, ಆಕಿಗೆ ನೆನಪಿಲ್ಲ. ಒಂಬತ್ತು."

ಆ ದಿನದಿಂದ ಗುಂಗಾಣಿಗೆ ಒಂಬತ್ತು ತಂತಿಯಾದವು. ಇಡೀ ಚಿಟಗುಪ್ಪವೇ ಒಂದು ಕಡೆ, ನಾನೊಬ್ಬಳೇ ಒಂದು ಕಡೆ.

ಮುಂದೆ ನಾನು ಬಸುರಿಯಾದೆ. ಚೊಚ್ಚಲ ಹೆರಿಗೆಗೆಂದು ಅಪ್ಪ ಬಂದು ಕಲ್ಯಾಣಕ್ಕೆ ಕರೆದುಕೊಂಡು ಹೋದರು. ಹೊರಡುವ ಮುಂಚೆ ಹುಡುಗಿಯನ್ನು ದೊಡ್ಡ ರಾಣಿಯ ಕಪಾಟಿನೊಳಗೇ ಅಡಗಿಸಿ ಕೂರಿಸಿದ್ದೆ, ಗುಂಗಾಣಿ ಅವಳ ತೊಡೆಯ ಮೇಲಿತ್ತು. ನಾನು ಬರುವವರೆಗೆ ಅವಳು ಅಲ್ಲೇ ಕೂತಿರುತ್ತಾಳೆ ಎಂದು ನಾದಿನಿಗೆ ಹೇಳಿದ್ದೆ. ಅತ್ತೆ ಸುಮ್ಮನಿರುವ ಹೆಂಗಸಲ್ಲ ಎಂಬುದನ್ನು ಯಾಕೋ ಮರೆತಿದ್ದೆ.

ಪೇಟೆಗೆ ರಜೆಯಿದ್ದ ದಿನ ನನ್ನ ಗಂಡ ಬಸ್ಸಿಗೆ ಬಂದು ನನ್ನನ್ನು ನೋಡಿ ಹೋಗುತ್ತಿದ್ದರು. ಒಮ್ಮೆ ಜೊತೆಗೆ ನಾದಿನಿ ಬಂದಳು. ಬಂದವಳೇ ನನ್ನನ್ನು ಹಿತ್ತಲಿಗೆ ಎಳೆದುಕೊಂಡು ಹೋಗಿ ವರದಿ ಒಪ್ಪಿಸಿದಳು. ಅತ್ತೆ ಈಗ ದಿನಾ ಮಧ್ಯಾಹ್ನ ತಾವೇ ಕತೆ ಹೇಳುತ್ತಾರೆ. ಓಣಿಯ ಹೆಂಗಸರೂ ತಮ್ಮ ತಮ್ಮ ಮೊರ ಹಿಡಿದುಕೊಂಡು ಬರುತ್ತಾರೆ. ಹುಡುಗಿ ಒಳಗಿರುವಾಗಲೇ ರಾಣಿ ಕಪಾಟಿಗೆ ಹೊರಗಿನಿಂದ ಕೀಲಿ ಜಡಿದಿದ್ದಾಳೆ, ಗುಂಗಾಣಿಯನ್ನು ಕಸಿದು ತನ್ನ ಕೋಣೆಯ ಗೂಟಕ್ಕೆ ತೂಗುಹಾಕಿದ್ದಾಳೆ.

ನನಗೆ ಮೈಯೆಲ್ಲ ಉರಿಯಿತು. "ಹೋಗಿ ನಿಮ್ಮ ಅವ್ವಗ ಹೇಳು" ಅಂದೆ. "ಕಪಾಟಿನ್ಯಾಗ ಸಿಕ್ಕಾಕಿ ಆ ಹುಡುಗಿ ಅಲ್ಲ, ಆಕಿ ನೆರಳು. ಹುಡುಗಿ ಅರಮನಿ ಛತ್ತಿನ ಮ್ಯಾಗ ಕುಂತು ನಗಾಕತ್ತಾಳ."

ಮುಂದಿನ ಸಲ ಗಂಡ ಒಬ್ಬರೇ ಬಂದರು. ಅವರು ಅಂಗಡಿಯಾಯಿತು, ತಾವಾಯಿತು ಎನ್ನುವಂಥವರು. ಮಧ್ಯಾಹ್ನ ಮನೆಯಲ್ಲಿ ಇರುತ್ತಿರಲಿಲ್ಲವಾದ್ದರಿಂದ ಈ ಕತೆಯ ತಲೆಬುಡ ಅವರಿಗೆ ಗೊತ್ತಿರಲಿಲ್ಲ. ಅಪ್ಪನ ಪಕ್ಕದಲ್ಲಿ ಕೂತು ಉಂಡು, ಕೈ ತೊಳೆದು, ಏನೋ ನೆನಪಾದವರಂತೆ ಬಾಗಿಲ ಮರೆಯಲ್ಲಿ ನಿಂತಿದ್ದ ನನ್ನ ಕಡೆ ತಿರುಗಿದರು.

"ಅವ್ವ ಒಂದು ಮಾತು ಹೇಳಿ ಕಳಿಸ್ಯಾಳ. 'ಆಕಿ ನೆರಳಾದ್ರ ಹಸಿವಿ ಆಗೂದಿಲ್ಲ. ಹಂಗಾಗಿ ಕಪಾಟಿನ ಕೀಲಿ ತಗದಿಲ್ಲ, ಊಟಾನೂ ಬಂದ್ ಮಾಡೀವಿ.' ಹಿಂಗ ಹೇಳು, ಆಕಿಗೆ ತಿಳೀತದ ಅಂದ್ಳು."

ನನಗೆ ನಗು ತಡೆಯಲಾಗಲಿಲ್ಲ. ಗಂಡ, ಅಪ್ಪ ಇಬ್ಬರೂ ಎದುರಿಗಿದ್ದರಲ್ಲ, ಸೆರಗನ್ನು ಬಾಯಿಗೆ ಒತ್ತಿಕೊಂಡು ಗೋಡೆಯ ಕಡೆ ತಿರುಗಿ ನಿಂತೆ. ಭುಜ ಕುಲುಕುತ್ತಿದ್ದವು. ಅಪ್ಪ ಹಿಂದಿನಿಂದ ನನ್ನ ಭುಜಗಳನ್ನಷ್ಟೇ ನೋಡಿದರು. ಮಗಳು ಅಳುತ್ತಿದ್ದಾಳೆ ಎಂದು ತಿಳಿದರು.

ಅಪ್ಪ ಹೊಲ ನೋಡಿಕೊಂಡು ಇದ್ದವರು, ಮಾತು ಬಹಳ ಕಡಿಮೆ. ಅಳಿಯನಿಗೆ ಏನೂ ಅನ್ನಲಿಲ್ಲ, ನನ್ನನ್ನೂ ಏನೂ ಕೇಳಲಿಲ್ಲ. ಮರುದಿನ ನಾನು ಏಳುವ ಹೊತ್ತಿಗೆ ಮನೆಯಲ್ಲಿರಲಿಲ್ಲ. ಹೊಲಕ್ಕೆ ಹೋಗಿರಬೇಕೆಂದು ನಾನೂ ಸುಮ್ಮನಿದ್ದೆ. ಊಟಕ್ಕೆ ಕೂತಾಗ ಅವ್ವ ನನ್ನ ತಲೆ ಸವರಿ ಹೇಳಿದಳು. "ನಿಮ್ಮಪ್ಪ, ನಿಮ್ಮ ಸೋದರಮಾವ ಕೂಡಿ ಹುಮನಾಬಾದಿಗೆ ಹೋಗ್ಯಾರ. ನೀ ಏನೂ ಚಿಂತಿ ಮಾಡಬ್ಯಾಡ ಮಗಳ. ನೀ ಅಲ್ಲಿದ್ದಾಗ ಆಗಿದ್ದು ಆತು, ಇನ್ನ ಮ್ಯಾಗ ನಿನ್ನ ಯಾರೂ ಕಪಾಟಿನ್ಯಾಗ ಹಾಕೂದಿಲ್ಲ."

ಕೈಯಲ್ಲಿದ್ದ ತುತ್ತು ತಟ್ಟೆಗೆ ಬಿತ್ತು. ಅವ್ವನಿಗೆ ಬಿಡಿಸಿ ಹೇಳಲು ಹೋದೆ. ಅದು ನಾನಲ್ಲ, ಒಂಟಿ ಜಡೆಯ ಹುಡುಗಿ. ಅವಳೂ ಅಲ್ಲ, ಅವಳ ನೆರಳು. ಅವಳ ಹತ್ತಿರ ಒಂದು ಗುಂಗಾಣಿ ಇದೆ, ಅದನ್ನು ಬಾರಿಸಿದರೆ ಬೆಲ್ಲಕ್ಕೆ ಕಾಲು ಬರುತ್ತವೆ. ಹೇಳಿದಷ್ಟೂ ಅವ್ವನ ಕಣ್ಣಲ್ಲಿ ನೀರು ಹೆಚ್ಚಾಗುತ್ತ ಹೋಯಿತು. ಕಡೆಗೆ ನನ್ನ ಹಣೆ ಮುಟ್ಟಿ ನೋಡಿ, "ಜರಾ ಮಲಕೋ" ಅಂದಳು.

ಅಲ್ಲಿ ನಡೆದದ್ದನ್ನು ಆಮೇಲೆ ನಾದಿನಿ ಒಂದಿಷ್ಟು, ಸೋದರಮಾವ ಒಂದಿಷ್ಟು ಹೇಳಿದರು. ಮಾವನವರು ಅಂಗಡಿಯಲ್ಲಿದ್ದರು. ಇವರಿಬ್ಬರೂ ಇಸ್ತ್ರಿಯ ಧೋತರ, ರುಮಾಲು ಸುತ್ತಿಕೊಂಡು ಪಡಸಾಲೆಯ ಜಮಖಾನೆಯ ಮೇಲೆ ಕೂತರು. ಕೊಟ್ಟ ನೀರು ಮುಟ್ಟಲಿಲ್ಲ. ಸೋದರಮಾವ ಗಂಟಲು ಸರಿ ಮಾಡಿಕೊಂಡರು.

"ಬೀಗತಿಯವರ, ನಮ್ಮ ಹುಡುಗಿದು ಏನರೆ ತಪ್ಪಿದ್ರ ನಮ್ಮ ಮುಂದ ಹೇಳ್ರಿ. ಕೀಲಿ ಹಾಕೂದು, ಊಟ ಬಂದ್ ಮಾಡೂದು, ಇದು ದೊಡ್ಡ ಮನಿತನದವರು ಮಾಡೂ ಕೆಲಸ ಅಲ್ಲ."

ತಲೆ ತುಂಬ ಸೆರಗು ಹೊದ್ದು ಒಳಬಾಗಿಲಲ್ಲಿ ನಿಂತಿದ್ದ ಅತ್ತೆಗೆ ಮೊದಲು ಏನೂ ತಿಳಿಯಲಿಲ್ಲವಂತೆ. ತಿಳಿದ ಮೇಲೆ ಒಳಗೆ ಓಡಿ ಹೋಗಿ ಹಾಸಿಗೆಯ ಸುರುಳಿಯಲ್ಲಿ ಮುಖ ಹುದುಗಿಸಿ ನಕ್ಕರಂತೆ. ಆಮೇಲೆ ಮುಖ ತೊಳೆದುಕೊಂಡು ಗಂಭೀರವಾಗಿ ಹೊರಗೆ ಬಂದರು.

"ತಪ್ಪದರಿ. ಆಕಿದು ಭಾಳ ತಪ್ಪದ. ಕುಂದರ್ರಿ, ಮೊದಲಿಂದ ಹೇಳ್ತೀನಿ."

ಅತ್ತೆ ಕೆಂಪು ಗವಸಿನಿಂದಲೇ ಆರಂಭಿಸಿದರು. ಓಣಿಯ ಹೆಂಗಸರು ಬರುವ ಹೊತ್ತೂ ಅದೇ ಆಗಿತ್ತು. ಅವರು ತಲೆಬಾಗಿಲ ಒಳಗೆ ಮೊರ ಇಟ್ಟುಕೊಂಡು ಕೂತರು. ಅಪ್ಪ ಬಹಳ ಹೊತ್ತು ಹುಬ್ಬು ಗಂಟಿಕ್ಕಿಕೊಂಡೇ ಇದ್ದರು. ಬೆಲ್ಲದ ಹೆಂಟೆಗಳು ಸಾಲಾಗಿ ಹೊರಟಾಗ ನೀರಿನ ಚಂಬು ಎತ್ತಿಕೊಂಡರು. ಬೇವಿನ ನೆರಳಿಗೆ ಕೀಲಿ ಬಿದ್ದಾಗ ಸೋದರಮಾವ ತೊಡೆ ತಟ್ಟಿದರು. ಕಲ್ಯಾಣದ ಕಡೆಯ ಬಸ್ಸು ಬಂದು ಹೋಗಿದ್ದು ಇಬ್ಬರಿಗೂ ಗೊತ್ತಾಗಲಿಲ್ಲ. ಅಂದು ಅಲ್ಲೇ ಉಂಡು, ಮಾವನವರ ಪಕ್ಕ ಹಾಸಿಗೆ ಹಾಸಿಸಿಕೊಂಡು ಮಲಗಿ ಮರುದಿನ ಬಂದರು.

ನಾನು ಅಂಗಳದಲ್ಲಿ ಕಾಯುತ್ತಿದ್ದೆ. ಅಪ್ಪ ರುಮಾಲು ತೆಗೆದು ಗೂಟಕ್ಕಿಟ್ಟು, ಕಾಲು ತೊಳೆದುಕೊಂಡು, ಕಟ್ಟೆಯ ಮೇಲೆ ಕೂತರು.

"ನಿಮ್ಮ ಅತ್ತಿ ಎಲ್ಲಾ ಹೇಳಿದ್ರು. ಅವರದೇನೂ ತಪ್ಪಿಲ್ಲ. ಆ ಹುಡುಗಿಗೇ ಸೊಕ್ಕು ಭಾಳ ಅದ. ರಾಣಿ ಕೀಲಿ ಹಾಕಿದ್ದು ಬರೋಬರಿ ಅದ." ಕಾಲು ಒರೆಸಿಕೊಳ್ಳುತ್ತ, "ಆದ್ರ ನೆರಳು ಅಂತ ಮಾಡಿದಿಯಲ್ಲಾ, ಅದು ಛಲೋ ಮಾಡಿದಿ" ಅಂದರು.

ಹೆಣ್ಣು ಮಗುವಾಯಿತು. ಕೂಸಿನ ಕುತ್ತಿಗೆ ನಿಂತ ಮೇಲೆ ಹುಮನಾಬಾದಿಗೆ ಮರಳಿದೆ. ಮರುದಿನ ಮಧ್ಯಾಹ್ನ ಪಡಸಾಲೆಗೆ ಬಂದು ನೋಡಿದರೆ ಓಣಿಯ ಹೆಂಗಸರೆಲ್ಲ ಆಗಲೇ ಸೇರಿದ್ದಾರೆ. ಅತ್ತೆ ನನ್ನ ಮಡಿಲಿಂದ ಕೂಸನ್ನು ಎತ್ತಿಕೊಂಡು, "ಆ ಛತ್ತಿನ ಮ್ಯಾಗ ಕುಂತಾಕಿನ್ನ ನೀನೇ ಕೆಳಗ ಇಳಸು. ನನ್ನ ಕೈಲಿ ಆಗೂದಿಲ್ಲ" ಅಂದರು. ಅವತ್ತು ಇಳಿಸಿದೆ. ಆಮೇಲೆ ಎಷ್ಟೋ ವರ್ಷ ನಾನು ಹತ್ತಿಸುವುದು, ಅವರು ಇಳಿಸುವುದು, ಅವರು ಹತ್ತಿಸುವುದು, ನಾನು ಇಳಿಸುವುದು ನಡೆದೇ ಇತ್ತು. ನಾದಿನಿ ಮದುವೆಯಾಗಿ ಹೋದಳು. ನನ್ನ ಮಕ್ಕಳು ಕತೆ ಕೇಳುವ ವಯಸ್ಸು ದಾಟಿದರು. ಊರ ಹೊರಗೆ ಕಾರ್ಖಾನೆಗಳು ಎದ್ದವು. ಕಾಳು ಹಸನು ಮಾಡುವುದೂ ಕಡಿಮೆಯಾಯಿತು.

ಎಂಬತ್ತರ ದಶಕದಲ್ಲಿ ಅತ್ತೆಯ ಕಣ್ಣಿಗೆ ಪೊರೆ ಬಂತು. ಒಂದು ಶಾಲೆಯ ಕಟ್ಟಡದಲ್ಲಿ ಕಣ್ಣಿನ ಶಿಬಿರ ನಡೆದಿತ್ತು, ಅಲ್ಲಿ ಆಪರೇಷನ್ ಮಾಡಿಸಿದೆವು. ಸಾಲಾಗಿ ಮಂಚಗಳು, ನಡುವೆ ಒಂದು ಪರದೆ, ಈ ಕಡೆ ಹೆಂಗಸರು, ಆ ಕಡೆ ಗಂಡಸರು. ಎಲ್ಲರ ಕಣ್ಣಿಗೂ ಪಟ್ಟಿ. ಕೆಮ್ಮಬಾರದು, ತಲೆ ಅಲುಗಿಸಬಾರದು, ನಗಬಾರದು ಎಂದು ಡಾಕ್ಟರು ಹೇಳಿ ಹೋಗಿದ್ದರು. ಒಂದು ದಿನ ಹೇಗೋ ಕಳೆಯಿತು. ಎರಡನೆಯ ದಿನ ಅತ್ತೆ, "ಹೇಳು" ಅಂದರು.

"ನಗಬಾರದು ಅಂದಾರ್ರಿ ಅತ್ತಿ."

"ನಗಿ ಬರದಂಗ ಹೇಳು."

ಆದಷ್ಟು ಸಪ್ಪೆಯಾಗಿ ಶುರು ಮಾಡಿದೆ. ಅತ್ತೆ ಸುಮ್ಮನೆ ಕೇಳಲಿಲ್ಲ. ಅಲ್ಲಿ ಬಾಗಿಲಿಲ್ಲ ಅಂದರು, ಅದು ಮೂರನೆಯ ತಂತಿಯಲ್ಲ ಅಂದರು, ಕತ್ತೆ ಆ ಮಾತು ಆಡಲೇ ಇಲ್ಲ ಅಂದರು. ಸುತ್ತಲಿನ ಮಂಚಗಳು ಒಂದೊಂದಾಗಿ ಮಾತು ನಿಲ್ಲಿಸಿದ್ದು ನನಗೆ ಅರಿವಾಗಿರಲಿಲ್ಲ. ಪರದೆಯ ಆಚೆಯಿಂದ ಒಬ್ಬ ಮುದುಕನ ಧ್ವನಿ ಕೇಳಿದಾಗಲೇ ಗೊತ್ತಾದದ್ದು.

"ಏ ಬಾಯಿ, ಜರಾ ಸುಮ್ಮಕಿರ್ರಿ. ಆ ಹೆಣ್ಮಗಳಿಗೆ ಹೇಳಗೊಡ್ರಿ. ಆಕಿಗೆ ಗೊತ್ತಿದ್ದಷ್ಟು ನಿಮಗ ಗೊತ್ತದೇನು?"

ಈಗ ಚಿಟಗುಪ್ಪದ ಅಜ್ಜಿ ಎದ್ದು ಬರುತ್ತಾಳೆ ಎಂದು ಕಾದೆ. ಅತ್ತೆ ಮಲಗಿದ್ದಲ್ಲಿಂದಲೇ ಆ ಮುದುಕನಿಗೆ ಹೇಳಿದರು.

"ಆಕಿಗೇ ಗೊತ್ತಿರಬೇಕಲ್ರಿ. ಕತಿ ಆಕಿದೇ ಅದ. ಆಕೀನ ಹುಟ್ಟಿಸಿದ್ದು. ನನ್ನ ಸೊಸಿರಿ."

ನನಗೆ ಎಲ್ಲಿಯವರೆಗೆ ಹೇಳಿದ್ದೆ ಎಂಬುದೇ ಮರೆತುಹೋಯಿತು. ಬಗ್ಗಿ ಅವರ ಮುಖ ನೋಡಿದೆ. ಎರಡೂ ಕಣ್ಣಿಗೆ ಪಟ್ಟಿಯಿದ್ದ ಮುಖದಲ್ಲಿ ಏನು ಓದಲಿಕ್ಕಾಗುತ್ತದೆ? ಮೆಲ್ಲಗೆ ಕೇಳಿದೆ. "ಮತ್ತ ನಿಮ್ಮ ಅಜ್ಜಿ?"

"ನಮ್ಮ ಅಜ್ಜಿ ನಾ ಹುಟ್ಟೂಕಿಂತ ಮೊದಲೇ ಸತ್ತಿದ್ಳು."

ಅವರ ತುಟಿ ನಡುಗತೊಡಗಿದವು. ಹೊಲಿಗೆ ಬಿಚ್ಚೀತೆಂದು ನನಗೆ ಗಾಬರಿಯಾಯಿತು. "ಅತ್ತಿ, ನಗಬ್ಯಾಡ್ರಿ."

"ನಾ ಎಲ್ಲಿ ನಗಾಕತ್ತೀನಿ? ನೀ ಹೇಳು."

ಹೇಳಲು ನನ್ನಿಂದಾಗಲಿಲ್ಲ. ಬಾಯಿಗೆ ಸೆರಗು ಒತ್ತಿಕೊಂಡು ಕೂತೆ. ಆಚೆಯ ಮುದುಕನಿಗೆ ಕಾಯುವ ತಾಳ್ಮೆಯಿರಲಿಲ್ಲ. "ಹೋಗಲಿ ಬಿಡ್ರಿ, ಮುಂದ ನಾನೇ ಹೇಳ್ತೀನಿ" ಎಂದು ಅರ್ಧ ಕನ್ನಡ, ಅರ್ಧ ಉರ್ದುವಿನಲ್ಲಿ ಕತೆಯನ್ನು ತಾನೇ ಕೈಗೆತ್ತಿಕೊಂಡ. ಶಿಬಿರದ ಗಂಜಿ ಕುಡಿದು ಬೇಸತ್ತಿದ್ದನೋ ಏನೋ, ಅವನ ಹುಡುಗಿ ಅರಮನೆಗೆ ಹೋದವಳೇ ಗುಂಗಾಣಿಯನ್ನು ಮೂಲೆಗಿಟ್ಟು ಬಿಸಿ ಖಿಚಡಿ ಕೇಳಿದಳು. ಮೇಲೆ ತುಪ್ಪ, ಪಕ್ಕದಲ್ಲಿ ಉಪ್ಪಿನಕಾಯಿ. ಮಂಚಗಳೆಲ್ಲ ಉಸಿರು ಹಿಡಿದು ಕೇಳುತ್ತಿದ್ದವು.

ಅತ್ತೆ ತಡವರಿಸಿ ನನ್ನ ಕೈ ಹಿಡಿದು ಹತ್ತಿರಕ್ಕೆ ಎಳೆದುಕೊಂಡರು. "ಪೂರಾ ತಪ್ಪು ಹೇಳಾಕತ್ತಾನ" ಎಂದು ಕಿವಿಯಲ್ಲಿ ಪಿಸುಗುಟ್ಟಿದರು.

"ಇರಲಿ ಬಿಡ್ರಿ ಅತ್ತಿ" ಅಂದೆ. "ಕೇಳೋಣು."